ಕುಚೋದ್ಯದ ವ್ಯಾಪಾರ

೨೦೧೯ನೆಯ ಇಸವಿ ನವೆಂಬರು ತಿಂಗಳಿನ ಒಂದು ಅಪರಾತ್ರಿಯಲ್ಲಿ ಬೆಂಗಳೂರಿನ ಯಶವಂತಪುರದ ಸಮೀಪ ಏಳು ಮಂದಿ ತರುಣರನ್ನು ಪೊಲೀಸರು ಹಿಡಿದು ಠಾಣೆಗೆ ಒಯ್ದರು. ಅವರು ಬಿಳಿಯ ಉಡುಪುಗಳನ್ನು ಧರಿಸಿ, ಅವುಗಳಿಗೆ ರಕ್ತದಂತೆ ತೋರುವ ಕೆಂಪು ಬಣ್ಣವನ್ನು ಬಳಿದುಕೊಂಡು, ದಾರಿಹೋಕರನ್ನು ಅಡ್ಡಗಟ್ಟಿ ಹೆದರಿಸುತ್ತಿದ್ದರು. ವಿಚಾರಿಸಲಾಗಿ ಅವರು ಕಳ್ಳರಲ್ಲ, ಸುಲಿಗೆಗಾರರಲ್ಲ, ಬುದ್ಧಿಭ್ರಮಣೆಯಾದವರೂ ಅಲ್ಲ. ಓದುಬರಹ ಬಲ್ಲ ವಿದ್ಯಾರ್ಥಿಗಳು. ದೆವ್ವದ ವೇಷದಿಂದ ಜನರನ್ನು ಬೆದರಿಸಿ, ಅವರು ಬೆದರಿದ ರೀತಿಯನ್ನು ಚಿತ್ರಿಸಿ, ಆ ಚಿತ್ರವನ್ನು ಯೂಟ್ಯೂಬಿನಲ್ಲಿ ಪ್ರಕಟಿಸುವುದು ಅವರ ಉದ್ದೇಶವಾಗಿತ್ತು. ಜಾಮೀನಿನ ಮೇಲೆ ಅವರ ಬಿಡುಗಡೆಯೂ ಆಯಿತು. ಹುಡುಗರ ಚೇಷ್ಟೆಗೆ ಇಷ್ಟು ದೊಡ್ಡ ಕೋಲಾಹಲವೇಕೆ ಎಂದು ನಕ್ಕು ಪತ್ರಿಕೆಯನ್ನು ಮಡಿಸಿಟ್ಟ ಸಭ್ಯ ಗೃಹಸ್ಥರೂ ಇರಬಹುದು.

ಆದರೆ ನಗುವುದಕ್ಕೆ ಮೊದಲು ಕೇಳಬೇಕಾದ ಪ್ರಶ್ನೆಯೊಂದುಂಟು. ಆ ಹೊತ್ತಿನಲ್ಲಿ ರಸ್ತೆಯ ಮೇಲೆ ಇರತಕ್ಕವರು ಯಾರು? ಯಶವಂತಪುರವು ರೈಲು ನಿಲ್ದಾಣವೂ ಕೃಷಿ ಉತ್ಪನ್ನಗಳ ದೊಡ್ಡ ಮಾರುಕಟ್ಟೆಯೂ ಇರುವ ಸ್ಥಳ. ಅಲ್ಲಿ ಅಪರಾತ್ರಿಯಲ್ಲಿ ವಿಹಾರಕ್ಕೆಂದು ತಿರುಗುವವರು ವಿರಳ. ಬಾಡಿಗೆಗಾಗಿ ಕಾದಿರುವ ಆಟೋದವನು, ರಾತ್ರಿಯ ಪಾಳಿ ಮುಗಿಸಿ ಮನೆಗೆ ಹಿಂದಿರುಗುವ ಕೂಲಿಕಾರ, ಹೊಟೇಲಿನ ಪಾತ್ರೆಗಳನ್ನು ತೊಳೆದು ಬರುವ ಹುಡುಗ, ಮೂಟೆ ಇಳಿಸುವ ಹಮಾಲಿ, ಆಸ್ಪತ್ರೆಯಲ್ಲಿ ನಂಟರನ್ನು ಮಲಗಿಸಿ ಔಷಧಕ್ಕಾಗಿ ಓಡುವವನು, ಇಂತಹವರೇ ಅಲ್ಲಿ ಸಿಕ್ಕತಕ್ಕವರು. ಹೊಟ್ಟೆಯ ಪಾಡಿಗಾಗಿಯೋ ವಿಪತ್ತಿನ ನಿಮಿತ್ತವಾಗಿಯೋ ನಿದ್ರೆಗೆಟ್ಟವರ ಭಯವು, ನಿದ್ರೆಗೆಡುವ ಕಾರಣವೇ ಇಲ್ಲದವರ ವಿನೋದಕ್ಕೆ ಸಾಮಗ್ರಿಯಾಗಬೇಕಾಯಿತು. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ ಎಂಬ ಗಾದೆಯನ್ನು ಮಾಡಿದ ಹಿರಿಯರು ಈ ಚಿತ್ರಗಳನ್ನು ಕಂಡವರಲ್ಲ. ಆದರೂ ಅವುಗಳ ಮರ್ಮವನ್ನು ಅವರು ತಿಳಿದಿದ್ದರು.

ಬೀದಿಯಲ್ಲಿ ಹೋಗುವ ಅಪರಿಚಿತರನ್ನು ಮೋಸಗೊಳಿಸಿ, ಬೆಚ್ಚಿಬೀಳಿಸಿ, ಇಲ್ಲವೆ ಅವಮಾನಪಡಿಸಿ, ಅವರ ಮುಖವಿಕಾರವನ್ನು ಲೋಕಕ್ಕೆಲ್ಲ ತೋರಿಸುವ ಈ ಪದ್ಧತಿಗೆ ಪ್ರ್ಯಾಂಕು ಎಂಬ ಆಂಗ್ಲಶಬ್ದವು ಕನ್ನಡದಲ್ಲಿಯೂ ರೂಢಿಯಾಗಿದೆ. ಅದು ಬಹು ಬೇಗ ಬಹು ಜನರಿಗೆ ಹಬ್ಬಿದರೆ 'ವೈರಲ್' ಆಯಿತೆಂದು ಹೇಳಿ ಮಾಡಿದವರು ಹಿಗ್ಗುತ್ತಾರೆ. ಆ ಮಾತಿನ ಮೂಲಾರ್ಥವು ಸಾಂಕ್ರಾಮಿಕ ರೋಗಾಣುವಿಗೆ ಸಂಬಂಧಿಸಿದ್ದೆಂಬುದು ಅವರ ನೆನಪಿನಲ್ಲಿ ಇರುವಂತೆ ಕಾಣುವುದಿಲ್ಲ. ಕುಚೋದ್ಯವು ಹೊಸದೇನೂ ಅಲ್ಲ. ಹೊಸದಾಗಿರುವುದು ಕುಚೋದ್ಯದ ವ್ಯಾಪಾರ. ಒಬ್ಬನ ಭಯವನ್ನೂ ನಾಚಿಕೆಯನ್ನೂ ಅವನ ಅಪ್ಪಣೆಯಿಲ್ಲದೆ ತೆಗೆದುಕೊಂಡು, ಮತ್ತೊಬ್ಬನಿಗೆ ತೋರಿಸಿ, ಮೂರನೆಯವನಿಂದ ಹಣವನ್ನು ಪಡೆಯುವ ವ್ಯವಹಾರವಿದು. ಇದಕ್ಕೆ ಹಾಸ್ಯವೆಂಬ ಹೆಸರು ಸಲ್ಲುತ್ತದೆಯೆ ಎಂಬುದೇ ಇಲ್ಲಿ ವಿಚಾರಾರ್ಹವಾದ ವಿಷಯ.

ಈ ವ್ಯವಹಾರದ ಪೂರ್ವಚರಿತ್ರೆ ಮುಕ್ಕಾಲು ಶತಮಾನಕ್ಕಿಂತ ಹೆಚ್ಚಿನದು. ೧೯೪೭ರಲ್ಲಿ ಅಮೆರಿಕದ ಆಲನ್ ಫಂಟ್ ಎಂಬಾತನು ಧ್ವನಿಗ್ರಾಹಕವನ್ನು ಮರೆಯಲ್ಲಿಟ್ಟು, ಜನರನ್ನು ವಿಚಿತ್ರ ಸಂದರ್ಭಗಳಲ್ಲಿ ಸಿಕ್ಕಿಸಿ, ಅವರ ಮಾತುಗಳನ್ನು ರೇಡಿಯೋವಿನಲ್ಲಿ ಪ್ರಸಾರಮಾಡುವ 'ಕ್ಯಾಂಡಿಡ್ ಮೈಕ್ರೊಫೋನ್' ಎಂಬ ಕಾರ್ಯಕ್ರಮವನ್ನು ತೊಡಗಿದನು. ಮರುವರ್ಷವೇ ಅದು ದೂರದರ್ಶನಕ್ಕೆ ಏರಿತು. 'ಕ್ಯಾಂಡಿಡ್ ಕ್ಯಾಮೆರಾ' ಎಂಬ ಹೆಸರಿನಿಂದ ಅನೇಕ ದಶಕಗಳ ಕಾಲ ಬಾಳಿತು. ಈ ಶತಮಾನದ ಆದಿಯಲ್ಲಿ ಭಾರತದ ಎಂ. ಟಿ. ವಿ. ವಾಹಿನಿಯಲ್ಲಿ 'ಬಕ್ರಾ' ಎಂಬ ಇಂತಹುದೇ ಕಾರ್ಯಕ್ರಮವು ಯುವಜನರಲ್ಲಿ ಹೆಸರಾಯಿತು. ಕನ್ನಡದಲ್ಲಿಯೂ ಇದರ ಅನುಕರಣಗಳು ಬಂದು, ಮೋಸಹೋದವನನ್ನು 'ಕುರಿ' ಎಂದು ಕರೆಯುವ ವಾಡಿಕೆಯು ದೂರದರ್ಶನದ ಮೂಲಕ ಮನೆಮನೆಗೂ ತಲುಪಿತು. ಹಿಂದಿಯಲ್ಲಿ ಆಡು, ಕನ್ನಡದಲ್ಲಿ ಕುರಿ! ಎರಡೂ ಬಲಿಗೆ ಒಯ್ಯುವ ಪ್ರಾಣಿಗಳೇ. ಮೋಸಹೋದ ಮನುಷ್ಯನಿಗೆ ಮನುಷ್ಯನ ಹೆಸರನ್ನೂ ಉಳಿಸದಷ್ಟು ಪ್ರಾಮಾಣಿಕತೆಯನ್ನು ಭಾಷೆಯೇ ತೋರಿಸಿತೆಂದು ಹೇಳಬೇಕು.

ಆ ಹಳೆಯ ಕಾರ್ಯಕ್ರಮಗಳಿಗೂ ಈಗಿನ ಬೀದಿಯ ಚಿತ್ರಗಳಿಗೂ ಒಂದು ದೊಡ್ಡ ಅಂತರವುಂಟು. ಮೊದಲಿನದರ ಹಿಂದೆ ಒಂದು ಸಂಸ್ಥೆಯಿತ್ತು. ಆ ಸಂಸ್ಥೆಗೆ ವಿಳಾಸವಿತ್ತು, ವಕೀಲರಿದ್ದರು, ನ್ಯಾಯಾಲಯದ ಭಯವಿತ್ತು. ಮೋಸಹೋದವನಿಗೆ ಕಡೆಯಲ್ಲಿ ಗುಟ್ಟನ್ನು ತಿಳಿಸಿ, ಪ್ರಸಾರಕ್ಕೆ ಅವನ ಒಪ್ಪಿಗೆಯನ್ನು ಬರಹದಲ್ಲಿ ಪಡೆಯುವ ಕ್ರಮವಿತ್ತು. ೨೦೦೫ರಲ್ಲಿ ಯೂಟ್ಯೂಬು ಹುಟ್ಟಿತು. ಆ ಮೇಲೆ ಕೆಲವೇ ವರ್ಷಗಳಲ್ಲಿ ಕ್ಯಾಮೆರವು ಎಲ್ಲರ ಜೇಬಿಗೂ ಇಳಿಯಿತು. ಈಗ ಪ್ರಸಾರಮಾಡುವವನಿಗೆ ಸಂಸ್ಥೆಯೂ ಬೇಡ, ವಕೀಲನೂ ಬೇಡ. ಒಂದು ಮೊಬೈಲೂ ನಗುವುದಕ್ಕೆ ಇಬ್ಬರು ಸ್ನೇಹಿತರೂ ಇದ್ದರೆ ಸಾಕು. ಒಂದು ಸಾವಿರ ಚಂದಾದಾರರನ್ನು ಕೂಡಿಸಿ, ಒಂದು ವರ್ಷದಲ್ಲಿ ನೋಡುಗರ ನಾಲ್ಕು ಸಾವಿರ ಗಂಟೆಗಳ ಕಾಲವನ್ನು ಸಂಪಾದಿಸಿದವನು ಯೂಟ್ಯೂಬಿನ ಜಾಹೀರಾತುಗಳ ಪಾಲಿಗೆ ಅರ್ಹನಾಗಬಹುದು. ದೀರ್ಘವಾದ ಚಿತ್ರಗಳ ಜಾಹೀರಾತಿನ ವರಮಾನದಲ್ಲಿ ನೂರಕ್ಕೆ ೫೫ರಷ್ಟು ಮಾಡಿದವನಿಗೆ, ಉಳಿದದ್ದು ಕಂಪೆನಿಗೆ. ಬೆದರಿದ ಆಟೋದವನಿಗೆ ಎಷ್ಟು? ಲೆಕ್ಕದಲ್ಲಿ ಆ ಕಾಲಮೇ ಇಲ್ಲ. ನಾಟಕದಲ್ಲಿ ಮುಖ್ಯಪಾತ್ರವನ್ನು ವಹಿಸಿದವನಿಗೆ ಸಂಬಳವಿಲ್ಲ, ಪಾತ್ರ ವಹಿಸುತ್ತೇನೆಂಬ ಅರಿವೂ ಇಲ್ಲ.

ಇಂತಹ ಚಿತ್ರಗಳು ಜನರನ್ನು ಸೆಳೆಯುವುದಿಲ್ಲವೆಂದು ವಾದಿಸುವುದು ಸುಳ್ಳಾದೀತು. ಅವುಗಳ ಆಕರ್ಷಣವು ಬಲವಾದದ್ದು. ಅದರ ಕಾರಣವೂ ಕ್ಷುದ್ರವಲ್ಲ. ಸಿನೆಮಾದಲ್ಲಿ ಎಷ್ಟೇ ನಿಪುಣನಾದ ನಟನು ಬೆಚ್ಚಿದರೂ ಅದು ಕಲಿತ ಬೆಚ್ಚು. ಬೀದಿಯವನ ಮುಖದಲ್ಲಿ ಅರೆಕ್ಷಣ ಮಿಂಚುವ ಭಯವೂ, ಆ ಮೇಲೆ ಮೂಡುವ ಪೆಚ್ಚುನಗೆಯೂ ಯಾರೂ ಬರೆದುಕೊಟ್ಟವಲ್ಲ. ಮನುಷ್ಯನು ತನ್ನ ಮುಖವಾಡವನ್ನು ಕಳಚಿ ನಿಲ್ಲುವ ಆ ಕ್ಷಣವನ್ನು ನೋಡಬೇಕೆಂಬ ಕುತೂಹಲವೇ ಒಳ್ಳೆಯ ಕಾದಂಬರಿಯನ್ನೂ ಓದಿಸುತ್ತದೆ. ಇದರ ಜೊತೆಗೆ ಮತ್ತೊಂದು ಸುಖವುಂಟು. ಗುಟ್ಟನ್ನು ಬಲ್ಲವರ ಕೂಟದಲ್ಲಿ ನೋಡುವವನೂ ಒಬ್ಬನಾಗುತ್ತಾನೆ. ತಿಳಿಯದವನು ಒಬ್ಬನೇ ಹೊರಗೆ ನಿಲ್ಲುತ್ತಾನೆ. ತಾನು ಮೋಸಹೋಗಲಿಲ್ಲವೆಂಬ ಸಮಾಧಾನವು ನಗೆಯಾಗಿ ಹೊರಬೀಳುತ್ತದೆ. ೧೯೦೦ರಲ್ಲಿ ನಗೆಯನ್ನು ಕುರಿತು ಗ್ರಂಥವನ್ನು ಪ್ರಕಟಿಸಿದ ಫ್ರೆಂಚ್ ತತ್ತ್ವಜ್ಞಾನಿ ಬರ್ಗ್‌ಸನ್ನನು, ನಗುವ ಕ್ಷಣದಲ್ಲಿ ಹೃದಯವು ತುಸು ಮರಗಟ್ಟಿರಬೇಕಾಗುತ್ತದೆ ಎಂಬ ಅಭಿಪ್ರಾಯವನ್ನು ತಿಳಿಸಿದ್ದಾನೆ. ಕ್ಷಣಕಾಲ ಮರಗಟ್ಟಿದ ಹೃದಯವು ಮತ್ತೆ ಚೇತರಿಸಿಕೊಳ್ಳುತ್ತದೆ. ಆದರೆ ಒಂದರ ಬೆನ್ನಿಗೆ ಒಂದರಂತೆ ಗಂಟೆಗಟ್ಟಲೆ ಇಂತಹ ಚಿತ್ರಗಳೇ ಬೆರಳ ತುದಿಯಲ್ಲಿ ಹರಿದುಬಂದರೆ ಚೇತರಿಸಿಕೊಳ್ಳುವುದಕ್ಕೆ ಅವಕಾಶವೆಲ್ಲಿ?

ಭರತನು ನಾಟ್ಯಶಾಸ್ತ್ರದಲ್ಲಿ ನಗೆಯನ್ನು ಆರು ಬಗೆಯಾಗಿ ವಿಂಗಡಿಸಿ, ಸ್ಮಿತ ಹಸಿತಗಳನ್ನು ಉತ್ತಮರಿಗೂ, ವಿಹಸಿತ ಉಪಹಸಿತಗಳನ್ನು ಮಧ್ಯಮರಿಗೂ, ಅಪಹಸಿತ ಅತಿಹಸಿತಗಳನ್ನು ಅಧಮರಿಗೂ ಹೇಳಿದ್ದಾನೆ. ಸ್ಥಾನವಲ್ಲದ ಸ್ಥಾನದಲ್ಲಿ ನಗುವುದು ಅಪಹಸಿತದ ಲಕ್ಷಣ. ಇಲ್ಲಿ ಗಮನಿಸತಕ್ಕ ಸಂಗತಿಯೆಂದರೆ, ಈ ವಿಂಗಡಣೆಯು ನಗೆಗೆ ಈಡಾದವನದಲ್ಲ, ನಗುವವನದು. ಬಿದ್ದವನನ್ನು ಕಂಡು ನಕ್ಕಾಗ ಬಿದ್ದವನ ಯೋಗ್ಯತೆಯೇನೂ ಹೊರಬೀಳುವುದಿಲ್ಲ, ನಕ್ಕವನದು ಹೊರಬೀಳುತ್ತದೆ. ಮಯಸಭೆಯಲ್ಲಿ ದುರ್ಯೋಧನನು ನೀರನ್ನು ನೆಲವೆಂದು ಭ್ರಮಿಸಿ ಬಿದ್ದಾಗ ಎದ್ದ ನಗೆಯು ಎಲ್ಲಿಯವರೆಗೆ ಕೇಳಿಸಿತೆಂಬುದು ಕನ್ನಡ ನಾಡಿನ ಯಾವ ಮನೆಗೂ ಹೊಸದಾಗಿ ತಿಳಿಸಬೇಕಾದ ಕಥೆಯಲ್ಲ.

ಇನ್ನು ಈ ವ್ಯಾಪಾರದ ಪರವಾದ ವಾದಗಳನ್ನು ಒಂದೊಂದಾಗಿ ಪರಿಶೀಲಿಸಬಹುದು.

ಹಾಸ್ಯಪ್ರಿಯತೆಯು ನಮ್ಮ ಜನರಿಗೆ ಹುಟ್ಟುಗುಣ. ಹಗಲುವೇಷ, ಹೋಳಿ, ಬೀಗರ ಮೇಲಿನ ಹಾಸ್ಯ ಎಲ್ಲವೂ ಕುಚೋದ್ಯವೇ ಅಲ್ಲವೆ, ಅವುಗಳನ್ನು ಮೆಚ್ಚುವವರು ಇದನ್ನೇಕೆ ತೆಗಳಬೇಕು ಎಂಬುದು ಮೊದಲನೆಯ ವಾದ. ಹಗಲುವೇಷದವನು ಹಾಡುಹಗಲಿನಲ್ಲಿಯೇ ಬಣ್ಣ ಹಚ್ಚಿ ಬರುತ್ತಾನೆ. ವೇಷವು ವೇಷವೆಂಬುದನ್ನು ಆ ಹೆಸರೇ ಸಾರುತ್ತದೆ. ಅವನು ರಂಜಿಸಿ, ಎದುರಿಗೆ ನಿಂತು, ಕೈನೀಡಿ ಕಾಳನ್ನೋ ಕಾಸನ್ನೋ ಕೇಳುತ್ತಾನೆ. ಕೊಡುವುದೂ ಬಿಡುವುದೂ ನೋಡಿದವನ ಇಷ್ಟ. ಯಕ್ಷಗಾನದ ಹಾಸ್ಯಗಾರನಾಗಲಿ, ಸಂಸ್ಕೃತ ನಾಟಕದ ವಿದೂಷಕನಾಗಲಿ ಮೊದಲು ತನ್ನನ್ನೇ ನಗೆಗೆ ಒಡ್ಡಿಕೊಳ್ಳುತ್ತಾನೆ. ಆ ಮೇಲೆ ಅವನ ಚುಚ್ಚು ತಗಲುವುದು ಹೆಚ್ಚಾಗಿ ಅರಸನಿಗೆ, ಧಣಿಗೆ, ಡಂಭಾಚಾರಿಗೆ. ಮದುವೆಯ ಮನೆಯಲ್ಲಿ ಹೆಣ್ಣಿನ ಕಡೆಯವರು ಬೀಗರನ್ನು ಹಾಡಿನಲ್ಲಿ ಜರಿದರೆ, ಗಂಡಿನ ಕಡೆಯವರಿಗೂ ಮಾರುತ್ತರ ಕೊಡುವ ಹಕ್ಕುಂಟು. ಬಳಿಕ ಇಬ್ಬರೂ ಒಂದೇ ಪಂಕ್ತಿಯಲ್ಲಿ ಕುಳಿತು ಉಣ್ಣುತ್ತಾರೆ. ಹೋಳಿಯಲ್ಲಿ ಬಣ್ಣ ಎರಚಿದವನು ತಾನೂ ಬಣ್ಣದಲ್ಲಿ ತೊಯ್ಯುತ್ತಾನೆ. ಬೀದಿಯ ಪ್ರ್ಯಾಂಕಿನಲ್ಲಿ ಮಾರುತ್ತರದ ಹಕ್ಕಿಲ್ಲ, ಸಮಪಂಕ್ತಿಯೂ ಇಲ್ಲ. ಆರಿಸಲ್ಪಡುವವರಾದರೂ ಯಾರು? ಪೊಲೀಸು ಅಧಿಕಾರಿಯ ಕೊರಳಪಟ್ಟಿಯನ್ನು ಹಿಡಿದವನನ್ನಾಗಲಿ, ಶ್ರೀಮಂತನ ಮೋಟಾರಿನ ಮುಂದೆ ದೆವ್ವವಾಗಿ ಕುಣಿದವನನ್ನಾಗಲಿ ಈ ಚಿತ್ರಗಳಲ್ಲಿ ಕಾಣುವುದು ಅಪರೂಪ. ಕಾವಲುಗಾರ, ಹೂವಾಡಗಿತ್ತಿ, ಉದ್ಯಾನದ ಬೆಂಚಿನ ಮೇಲೆ ಒರಗಿದ ಮುದುಕ, ಬಸ್ಸಿಗಾಗಿ ಒಂಟಿಯಾಗಿ ನಿಂತ ಹೆಂಗಸು, ಇವರೇ ಸಾಮಾನ್ಯವಾಗಿ ಸಿಕ್ಕುವವರು. ತಿರುಗಿ ಹೊಡೆಯಲಾರದವನನ್ನು ಹುಡುಕಿ ಹಾಸ್ಯಮಾಡುವವನನ್ನು ಜನರು ಹಿಂದೆ ಹಾಸ್ಯಗಾರನೆನ್ನುತ್ತಿರಲಿಲ್ಲ, ಪುಂಡನೆನ್ನುತ್ತಿದ್ದರು.

ಬೀದಿಯು ಸಾರ್ವಜನಿಕ ಸ್ಥಳ, ಅಲ್ಲಿಗೆ ಬಂದವನು ಲೋಕದ ಕಣ್ಣಿಗೆ ಬಿದ್ದಂತೆಯೇ ಸರಿ, ಅವನ ಚಿತ್ರವನ್ನು ತೆಗೆದರೆ ಅಪರಾಧವೇನು ಎಂಬುದು ಎರಡನೆಯ ವಾದ. ಬೀದಿಯಲ್ಲಿ ನಡೆಯುವವನನ್ನು ನೂರು ಜನರು ನೋಡಬಹುದು; ನೋಡಿ ಮರೆಯುತ್ತಾರೆ. ಚಿತ್ರವಾದರೋ ಮರೆಯುವುದಿಲ್ಲ. ಇದಲ್ಲದೆ ಬೀದಿಗೆ ಬಂದವನು ತನ್ನ ನಡಿಗೆಯನ್ನು ತಂದನೇ ಹೊರತು ತನ್ನ ಹೆದರಿಕೆಯನ್ನು ಪ್ರದರ್ಶನಕ್ಕೆಂದು ತರಲಿಲ್ಲ. ಅದನ್ನು ಅವನಿಂದ ಉಪಾಯವಾಗಿ ಕಿತ್ತುಕೊಳ್ಳಲಾಯಿತು. ಈ ವಿಷಯದಲ್ಲಿ ಕನ್ನಡಿಗರು ನೆನೆಯಬೇಕಾದ ಹೆಸರೊಂದುಂಟು. ಕರ್ನಾಟಕದ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಾಧೀಶರಾದ ಕೆ. ಎಸ್. ಪುಟ್ಟಸ್ವಾಮಿಯವರು ಇಳಿವಯಸ್ಸಿನಲ್ಲಿ ಹೂಡಿದ ಮೊಕದ್ದಮೆಯಲ್ಲಿಯೇ, ೨೦೧೭ನೆಯ ಇಸವಿ ಆಗಸ್ಟು ೨೪ರಂದು, ಸರ್ವೋಚ್ಚ ನ್ಯಾಯಾಲಯದ ಒಂಬತ್ತು ಮಂದಿ ನ್ಯಾಯಾಧೀಶರು ಖಾಸಗಿತನವು ಮೂಲಭೂತ ಹಕ್ಕೆಂದು ಏಕಾಭಿಪ್ರಾಯದಿಂದ ತೀರ್ಪಿತ್ತರು. ಸಾರ್ವಜನಿಕ ಸ್ಥಳದಲ್ಲಿ ಇರುವ ಮಾತ್ರದಿಂದಲೇ ಮನುಷ್ಯನು ಖಾಸಗಿತನವನ್ನು ಕಳೆದುಕೊಳ್ಳುವುದಿಲ್ಲ, ಅದು ಸ್ಥಳಕ್ಕಲ್ಲ, ವ್ಯಕ್ತಿಗೆ ಅಂಟಿಕೊಂಡದ್ದು ಎಂಬ ಅಭಿಪ್ರಾಯವೂ ಆ ತೀರ್ಪಿನಲ್ಲಿ ಪ್ರಕಟವಾಗಿದೆ. ಬೀದಿಯು ಎಲ್ಲರದೆಂಬುದು ನಿಜ. ಬೀದಿಯಲ್ಲಿರುವವನು ಎಲ್ಲರ ಸ್ವತ್ತಲ್ಲ.

ಕಡೆಯಲ್ಲಿ ಗುಟ್ಟನ್ನು ಹೇಳಿ ಒಪ್ಪಿಗೆ ಪಡೆಯುತ್ತೇವಲ್ಲ ಎಂಬುದು ಮೂರನೆಯ ವಾದ. ಆ ಒಪ್ಪಿಗೆಯ ಸ್ವರೂಪವನ್ನು ನೋಡಬೇಕು. ಎದೆ ಇನ್ನೂ ಡವಗುಟ್ಟುತ್ತಿರುತ್ತದೆ. ಸುತ್ತಲೂ ನಾಲ್ಕು ಜನ ನಗುತ್ತ ಹೆಗಲು ತಟ್ಟುತ್ತಾರೆ. "ಅಲ್ಲಿ ಕ್ಯಾಮೆರ ಇದೆ, ಸ್ವಲ್ಪ ಕೈಬೀಸಿ ಅಣ್ಣಾ" ಎನ್ನುತ್ತಾರೆ. ಬೇಡವೆಂದರೆ ರಸವಿಲ್ಲದವನೆಂಬ ಹೆಸರು. ಕೋಪಿಸಿಕೊಂಡರೆ ಆ ಕೋಪವೇ ಮತ್ತೊಂದು ಚಿತ್ರ. ಪೆಚ್ಚಾದ ಮನುಷ್ಯನು ಪಾರಾದರೆ ಸಾಕೆಂದು ಹಲ್ಲುಕಿರಿದು ಕೈಬೀಸಿ ಹೋಗುತ್ತಾನೆ. ಇದನ್ನು ಒಪ್ಪಿಗೆಯೆಂದು ಕರೆಯುವುದಾದರೆ, ಸುಲಿಗೆಗಾರನ ಮುಂದೆ ಥೈಲಿಯನ್ನು ಬಿಚ್ಚಿದವನು ದಾನಮಾಡಿದನೆಂದು ಹೇಳಬಹುದು. ಎಷ್ಟು ಜನರು ನೋಡುವರು, ಎಷ್ಟು ಕಾಲ ಉಳಿಯುವುದು, ಹಣ ಯಾರಿಗೆ ಸಲ್ಲುವುದು ಎಂಬ ಮೂರು ಸಂಗತಿಗಳನ್ನು ತಿಳಿಸದೆ ಪಡೆದ ಒಪ್ಪಿಗೆ ಒಪ್ಪಿಗೆಯಲ್ಲ.

ಇವುಗಳಲ್ಲಿ ಬಹುಪಾಲು ನಟನೆಯೇ, ಮೊದಲೇ ಮಾತಾಡಿಕೊಂಡು ಮಾಡಿದ್ದು, ಯಾರಿಗೂ ನೋವಿಲ್ಲ ಎಂಬುದು ನಾಲ್ಕನೆಯ ವಾದ. ಈ ವಾದವನ್ನು ಎತ್ತುವವರು ತಮ್ಮ ಉರುಳನ್ನು ತಾವೇ ಬಿಗಿದುಕೊಳ್ಳುತ್ತಾರೆ. ಚಿತ್ರವು ನಿಜವಾದರೆ ದಾರಿಹೋಕನಿಗೆ ಅನ್ಯಾಯ. ನಟನೆಯಾದರೆ ನಿಜವೆಂದು ನಂಬಿ ನೋಡಿದವನಿಗೆ ವಂಚನೆ. ನಿಜವೆಂಬ ನಂಬಿಕೆಯೇ ಈ ಸರಕಿನ ಬೆಲೆ. ಸುಳ್ಳನ್ನು ನಿಜದ ಬೆಲೆಗೆ ಮಾರುವುದು ಯಾವ ಸಂತೆಯಲ್ಲಿಯೂ ಮರ್ಯಾದೆಯ ವ್ಯಾಪಾರವಲ್ಲ. ಮೇಲಾಗಿ, ನಟನೆಯನ್ನು ನಿಜವೆಂದು ನಂಬಿದ ಹುಡುಗರು ನಾಳೆ ತಮ್ಮ ಊರಿನ ಬೀದಿಯಲ್ಲಿ ಅದನ್ನು ನಿಜವಾಗಿಯೇ ಮಾಡುತ್ತಾರೆ. ಆಗ ಎದುರಿಗೆ ಬರುವವನು ನಟನಾಗಿರುವುದಿಲ್ಲ.

ಐದನೆಯ ವಾದವು ಎಲ್ಲಕ್ಕಿಂತ ಗಂಭೀರವಾದ ಮುಖವನ್ನು ಹೊತ್ತು ಬರುತ್ತದೆ. ಇದು ಕುಚೋದ್ಯವಲ್ಲ, 'ಸಾಮಾಜಿಕ ಪ್ರಯೋಗ'; ಮಗುವನ್ನು ಅಪಹರಿಸಿದಂತೆ ನಟಿಸಿ, ಮೂರ್ಛೆಹೋದಂತೆ ಬಿದ್ದು, ಜನರಲ್ಲಿ ಮಾನವೀಯತೆ ಉಂಟೋ ಇಲ್ಲವೋ ಪರೀಕ್ಷಿಸುತ್ತೇವೆ ಎಂದು ಹೇಳುವವರು ಇದ್ದಾರೆ. ಪ್ರಯೋಗವೆಂಬ ಮಾತನ್ನು ಆಡುವವರು ಪ್ರಯೋಗದ ಧರ್ಮವನ್ನೂ ಅರಿಯಬೇಕು. ನಾತ್ಸೀ ವೈದ್ಯರು ಸೆರೆಯಾಳುಗಳ ಮೇಲೆ ನಡೆಸಿದ ಘೋರಕೃತ್ಯಗಳ ವಿಚಾರಣೆಯು ೧೯೪೭ರಲ್ಲಿ ನ್ಯೂರೆಂಬರ್ಗಿನಲ್ಲಿ ಮುಗಿದಾಗ, ಮನುಷ್ಯರ ಮೇಲಿನ ಪ್ರಯೋಗಕ್ಕೆ ಅವರ ಸ್ವಯಂಪ್ರೇರಿತ ಸಮ್ಮತಿಯು ಅತ್ಯಾವಶ್ಯಕವೆಂಬ ನಿಯಮವು ಎಲ್ಲಕ್ಕಿಂತ ಮೊದಲನೆಯದಾಗಿ ಘೋಷಿತವಾಯಿತು. ಅದೇ ವರ್ಷದಲ್ಲಿಯೇ ಅಮೆರಿಕದಲ್ಲಿ ಮರೆಯ ಧ್ವನಿಗ್ರಾಹಕವು ರೇಡಿಯೋವಿಗೆ ಬಂದುದು ಕಾಕತಾಳೀಯವೇ ಇರಬಹುದು. ಈ ಎರಡು ಅಪರಾಧಗಳನ್ನು ಒಂದೇ ತಕ್ಕಡಿಯಲ್ಲಿ ತೂಗುವುದು ಅವಿವೇಕ. ಆದರೆ ವೈದ್ಯನಿಗೂ ವಿಜ್ಞಾನಿಗೂ ವಿಧಿಸಿದ ನಿರ್ಬಂಧವು ಮೊಬೈಲು ಹಿಡಿದ ಹುಡುಗನಿಗೆ ಅನ್ವಯಿಸುವುದಿಲ್ಲವೆಂದು ಹೇಳುವುದಕ್ಕೆ ಕಾರಣವೇನು? ವಿಜ್ಞಾನದಲ್ಲಿ ಪ್ರಯೋಗಕ್ಕೊಳಗಾದವರ ಹೆಸರನ್ನೂ ಮುಖವನ್ನೂ ಮುಚ್ಚಿಡುತ್ತಾರೆ. ಇಲ್ಲಿ ಮುಖವನ್ನು ತೋರಿಸುವುದಕ್ಕಾಗಿಯೇ ಪ್ರಯೋಗ.

ಯಾರಿಗೇನು ನಷ್ಟವಾಯಿತು ಎಂಬುದು ಕಡೆಯ ವಾದ. ನಷ್ಟಗಳು ದಾಖಲೆಯಲ್ಲಿವೆ. ೨೦೧೫ರ ಜುಲೈ ತಿಂಗಳಿನಲ್ಲಿ ಲಂಡನ್ನಿನ ರಾಷ್ಟ್ರೀಯ ಭಾವಚಿತ್ರಾಲಯದಲ್ಲಿ ಕೆಲವು ತರುಣರು ಚಿತ್ರಗಳ ದರೋಡೆಯನ್ನು ನಟಿಸಲು, ಪ್ರೇಕ್ಷಕರು ಪ್ರಾಣಭಯದಿಂದ ಓಡಿದರು. ಮರುವರ್ಷ ನಾಲ್ವರಿಗೆ ಸೆರೆಮನೆಯ ಶಿಕ್ಷೆಯಾಯಿತು. ೨೦೨೧ರ ಫೆಬ್ರವರಿಯಲ್ಲಿ ಅಮೆರಿಕದ ನ್ಯಾಶ್‌ವಿಲ್ ನಗರದಲ್ಲಿ ಇಪ್ಪತ್ತು ವರ್ಷದ ಯುವಕನೊಬ್ಬನು ಗೆಳೆಯನೊಡನೆ ಮಾಂಸ ಕಡಿಯುವ ಕತ್ತಿಗಳನ್ನು ಹಿಡಿದು, ಯೂಟ್ಯೂಬಿಗಾಗಿ ಸುಲಿಗೆಯ ನಟನೆಯನ್ನು ಮಾಡಲು ಹೋಗಿ, ಅದನ್ನು ನಿಜವೆಂದು ನಂಬಿದವನ ಗುಂಡಿಗೆ ಬಲಿಯಾದನು. ೨೦೨೩ರ ಏಪ್ರಿಲಿನಲ್ಲಿ ವರ್ಜೀನಿಯ ಸಂಸ್ಥಾನದ ವ್ಯಾಪಾರ ಸಂಕೀರ್ಣವೊಂದರಲ್ಲಿ, ತಿಂಡಿ ತಲುಪಿಸುವ ಕೆಲಸದವನೊಬ್ಬನ ಮುಖದ ಹತ್ತಿರ ಮೊಬೈಲನ್ನು ಹಿಡಿದು, ಅವನು ಹಿಂದೆ ಸರಿದರೂ ಬಿಡದೆ ಅರ್ಥವಿಲ್ಲದ ಮಾತನ್ನು ಕೇಳಿಸಿದ ಯೂಟ್ಯೂಬಿನವನು ಹೊಟ್ಟೆಗೆ ಗುಂಡೇಟು ತಿಂದು ಹೇಗೋ ಉಳಿದನು. ಗುಂಡು ಹಾರಿಸಿದವನು ಆತ್ಮರಕ್ಷಣೆಗಾಗಿ ಹಾಗೆ ಮಾಡಿದನೆಂಬುದನ್ನು ಒಪ್ಪಿ, ದುರುದ್ದೇಶದಿಂದ ಗಾಯಪಡಿಸಿದ ಆರೋಪದಿಂದ ಜ್ಯೂರಿಯವರು ಅವನನ್ನು ಮುಕ್ತಗೊಳಿಸಿದರು. ಬಂದೂಕುಗಳ ದೇಶದಲ್ಲಿ ಇದು ಗುಂಡಿನಲ್ಲಿ ಮುಗಿಯುತ್ತದೆ. ಇಲ್ಲಿ ಬಹುಶಃ ಹೊಡೆದಾಟದಲ್ಲಿ ಮುಗಿದೀತು. ಭೇದವಿಷ್ಟೆ.

ಆದರೆ ಗುಂಡು ಹಾರಿದ ಪ್ರಸಂಗಗಳನ್ನೇ ಮುಂದಿಟ್ಟರೆ, ಗುಂಡು ಹಾರದಿದ್ದ ಕಡೆ ತಪ್ಪೇ ಇಲ್ಲವೆಂಬ ಭ್ರಮೆ ಹುಟ್ಟೀತು. ೨೦೨೨ರಲ್ಲಿ ಆಸ್ಟ್ರೇಲಿಯದ ಮೆಲ್ಬರ್ನ್ ನಗರದಲ್ಲಿ ನಡೆದ ಒಂದು ಪ್ರಸಂಗವು ಮೂಲದೋಷವನ್ನು ಇವೆಲ್ಲಕ್ಕಿಂತ ಸ್ಪಷ್ಟವಾಗಿ ತೋರಿಸುತ್ತದೆ. ನಡುವಯಸ್ಸು ಮೀರಿದ ಮಹಿಳೆಯೊಬ್ಬರು ಅಂಗಡಿಗಳ ಸಂಕೀರ್ಣದಲ್ಲಿ ಒಬ್ಬರೇ ಕುಳಿತು ಕಾಫಿ ಕುಡಿಯುತ್ತಿದ್ದರು. ತರುಣನೊಬ್ಬನು ಬಂದು, ಕೋಟನ್ನು ಧರಿಸುವವರೆಗೆ ಈ ಹೂಗುಚ್ಛವನ್ನು ಹಿಡಿದುಕೊಳ್ಳಿರೆಂದು ಕೊಟ್ಟು, ಹಿಂದಕ್ಕೆ ತೆಗೆದುಕೊಳ್ಳದೆ ಶುಭವಾಗಲೆಂದು ಹೇಳಿ ನಡೆದನು. ಆ ದೃಶ್ಯವು ಟಿಕ್‌ಟಾಕಿನಲ್ಲಿ ಕೋಟಿಗಟ್ಟಲೆ ಜನರ ಕಣ್ಣಿಗೆ ಬಿದ್ದಿತು; ಒಂಟಿ ಮುದುಕಿಗೆ ಎಂತಹ ಸಂತೋಷವೆಂದು ಲೋಕವು ಕಣ್ಣೊರೆಸಿಕೊಂಡಿತು. ಅವರಿಗಾದರೋ ಸಂತೋಷವಾಗಿರಲಿಲ್ಲ. ತಮ್ಮ ಏಕಾಂತವನ್ನು ಕೆಡಿಸಿದರು, ಕೇಳದೆ ಚಿತ್ರ ತೆಗೆದರು, ಇಲ್ಲದ ಕಥೆಯನ್ನು ಕಟ್ಟಿದರು, ತಮ್ಮನ್ನು ಮನುಷ್ಯರಂತೆ ಕಾಣಲಿಲ್ಲ ಎಂದು ಅವರು ಆ ದೇಶದ ಪ್ರಸಾರಸಂಸ್ಥೆಗೆ ತಿಳಿಸಿದರು. ಟ್ರಾಮಿನಲ್ಲಿ ಮನೆಗೆ ಒಯ್ಯುವ ತೊಂದರೆ ಬೇಡವೆಂದು ಆ ಹೂಗಳನ್ನು ಅವರು ಆಗಲೇ ಹಿಂದಿರುಗಿಸಲೂ ನೋಡಿದ್ದರು. ಇಲ್ಲಿ ಕತ್ತಿಯಿಲ್ಲ, ದೆವ್ವವಿಲ್ಲ, ಬೈಗುಳವಿಲ್ಲ, ಹೂವೇ ಇದೆ. ಆದರೂ ಅನ್ಯಾಯವು ಹಾಗೆಯೇ ಇದೆ. ಆದಕಾರಣ ದೋಷವು ಬೆದರಿಕೆಯಲ್ಲಿ ಮಾತ್ರವಿಲ್ಲ. ಮನುಷ್ಯನನ್ನು ಕೇಳದೆ ಸರಕನ್ನಾಗಿ ಮಾಡಿದುದರಲ್ಲಿದೆ.

ಇದಕ್ಕಿಂತಲೂ ವಿಸ್ತಾರವಾದ ಮತ್ತೊಂದು ನಷ್ಟವುಂಟು; ಅದು ಯಾವ ಠಾಣೆಯ ದಫ್ತರದಲ್ಲಿಯೂ ಸೇರುವುದಿಲ್ಲ. ೧೯೬೯ರ ಫೆಬ್ರವರಿಯಲ್ಲಿ ನ್ಯೂವಾರ್ಕಿನಿಂದ ಮಯಾಮಿಗೆ ಹೊರಟ ವಿಮಾನವೊಂದನ್ನು ಶಸ್ತ್ರಧಾರಿಗಳು ಕ್ಯೂಬಾ ದೇಶಕ್ಕೆ ತಿರುಗಿಸಿದರು. ಪ್ರಯಾಣಿಕರಲ್ಲಿ ಆಲನ್ ಫಂಟನೂ ಇದ್ದನು. ಅವನ ಗುರುತು ಹಿಡಿದ ಸಹಪ್ರಯಾಣಿಕರು ಇದು 'ಕ್ಯಾಂಡಿಡ್ ಕ್ಯಾಮೆರಾ'ದ ಆಟವೇ ಸರಿಯೆಂದು ನಿಶ್ಚಯಿಸಿ ನಕ್ಕರು. ಅಪಾಯವು ನಿಜವೆಂದು ಅವನು ಹೇಳಿದರೂ ನಂಬಲಿಲ್ಲ. ಅದೃಷ್ಟವಶಾತ್ ಯಾರಿಗೂ ಕೇಡಾಗಲಿಲ್ಲ. ಅಂದು ಒಂದು ವಿಮಾನದಲ್ಲಿ ನಡೆದದ್ದು ಇಂದು ಎಲ್ಲ ಬೀದಿಗಳಲ್ಲಿಯೂ ನಡೆಯಬಹುದಾಗಿದೆ. ರಸ್ತೆಯ ಬದಿಯಲ್ಲಿ ಒಬ್ಬನು ಎದೆ ಹಿಡಿದುಕೊಂಡು ಕುಸಿದರೆ, ಹತ್ತಿರ ಹೋಗುವುದಕ್ಕೆ ಮುಂಚೆ ನೋಡುವವನು ಮರೆಯಲ್ಲಿ ಕ್ಯಾಮೆರವಿದೆಯೇ ಎಂದು ಹುಡುಕುವನು. ಹೆಂಗಸೊಬ್ಬಳು ಸಹಾಯಕ್ಕೆ ಕೂಗಿದರೆ, ಮುಂದೆ ನುಗ್ಗಿ ನಗೆಗೀಡಾಗುವುದೇಕೆಂದು ಹಿಂದೆಗೆಯುವನು. ಊರೊಂದು ಬಾಳುವುದು ಪೊಲೀಸರಿಂದಲ್ಲ. ಗುರುತಿಲ್ಲದವನ ಕೂಗಿಗೆ ಓಗೊಡಬೇಕೆಂಬ ಹಳೆಯ ವಿಶ್ವಾಸದಿಂದ. ಆ ವಿಶ್ವಾಸವನ್ನು ಚೂರುಚೂರಾಗಿ ಕೊರೆದು ಮಾರುವವರು ತಮ್ಮದಲ್ಲದ ಆಸ್ತಿಯನ್ನು ಮಾರುತ್ತಿದ್ದಾರೆ.

ಕಾನೂನು ಇದಕ್ಕೆ ಏನು ಮಾಡಬಲ್ಲದು? ದಾರಿಹೋಕನನ್ನು ಅಕ್ರಮವಾಗಿ ತಡೆಯುವುದು ಹಿಂದಿನ ದಂಡಸಂಹಿತೆಯಲ್ಲಿ ಅಪರಾಧವಾಗಿತ್ತು. ೨೦೨೪ರ ಜುಲೈ ೧ರಿಂದ ಜಾರಿಯ‌ಲ್ಲಿರುವ ಭಾರತೀಯ ನ್ಯಾಯಸಂಹಿತೆಯಲ್ಲಿಯೂ ಅಪರಾಧವೇ. ಯೂಟ್ಯೂಬಿನ ಒಡೆಯರು ೨೦೧೯ರ ಜನವರಿಯಲ್ಲಿ, ಪ್ರಾಣಾಪಾಯವಿದೆಯೆಂದು ನಂಬಿಸುವ ಕುಚೋದ್ಯಗಳನ್ನೂ ಮಕ್ಕಳ ಮನಸ್ಸಿಗೆ ತೀವ್ರವಾದ ಆಘಾತವನ್ನುಂಟುಮಾಡುವ ಕುಚೋದ್ಯಗಳನ್ನೂ ಸ್ಪಷ್ಟವಾಗಿ ನಿಷೇಧಿಸಿದರು. ಯಶವಂತಪುರದ ದೆವ್ವಗಳು ಓಡಾಡಿದ್ದು ಅದೇ ವರ್ಷದ ನವೆಂಬರಿನಲ್ಲಿ ಎಂಬುದನ್ನು ಗಮನಿಸಿದರೆ, ಅಂತಹ ನಿಯಮಗಳು ಬೀದಿಯನ್ನು ಎಷ್ಟರ ಮಟ್ಟಿಗೆ ತಲುಪುತ್ತವೆಂಬುದು ವಿದಿತವಾಗುತ್ತದೆ. ಜನರು ಹೆಚ್ಚು ನೋಡಿದಷ್ಟೂ ಹೆಚ್ಚು ಲಾಭವನ್ನು ಪಡೆಯುವ ಕಂಪೆನಿಯು ಕಾವಲುಗಾರನೂ ಆಗುವುದು ಹಾಲಿನ ಗಡಿಗೆಗೆ ಬೆಕ್ಕನ್ನು ಕಾವಲಿಟ್ಟಂತೆ.

ಹೀಗಿರುವಲ್ಲಿ ಹೊಣೆಯು ಬಂದು ನಿಲ್ಲುವುದು ನೋಡುವವರ ಮೇಲೆ. ಅಂದರೆ ವಿದ್ಯಾವಂತರ ಮನೆಗಳ ಮೇಲೆ. ಈ ಚಿತ್ರಗಳು ಪುಂಡರ ಕೂಟಗಳಲ್ಲಿ ಮಾತ್ರ ನಡೆಯುತ್ತಿವೆಯೆಂದು ತಿಳಿಯುವುದು ಆತ್ಮವಂಚನೆ. ರಾತ್ರಿಯ ಊಟವಾದ ಮೇಲೆ ಮೊಬೈಲು ಕೈಯಿಂದ ಕೈಗೆ ದಾಟುತ್ತದೆ. ಅಜ್ಜ ನಗುತ್ತಾರೆ, ತಾಯಿ ನಗುತ್ತಾಳೆ. ಮಡಿಲಲ್ಲಿರುವ ಮಗುವೂ ನಗುತ್ತದೆ. ಹಗಲು ಆ ಮಗುವಿಗೆ ಹಿರಿಯರನ್ನು ಗೌರವಿಸಬೇಕು, ಬಡವರನ್ನು ಹಂಗಿಸಬಾರದು ಎಂದು ಬೋಧಿಸಿದ ಮನೆಯೇ, ರಾತ್ರಿ ಮುದಿಯ ಕಾವಲುಗಾರನು ಕುರ್ಚಿಯಿಂದ ಉರುಳಿದ್ದನ್ನು ಎರಡೆರಡು ಸಲ ತಿರುಗಿಸಿ ತೋರಿಸುತ್ತದೆ. ಮಗುವು ಯಾವ ಪಾಠವನ್ನು ಕಲಿಯಬೇಕು? ಬೀದಿಯಲ್ಲಿ ಬೆಳೆದ ಈ ವಿದ್ಯೆಯು ಮನೆಯನ್ನು ಹೊಕ್ಕ ನಿದರ್ಶನವೂ ಇದೆ. ಅಮೆರಿಕದ ಮೇರಿಲ್ಯಾಂಡಿನ ದಂಪತಿಗಳು ಸ್ವಂತ ಮಕ್ಕಳ ಮೇಲೆಯೇ ಇಲ್ಲದ ಅಪರಾಧಗಳನ್ನು ಹೊರಿಸಿ, ಗದರಿಸಿ, ಅಳಿಸಿ, ಕುಚೋದ್ಯವೆಂದು ಪ್ರಕಟಿಸಿದರು. ೨೦೧೭ರಲ್ಲಿ ನ್ಯಾಯಾಲಯವು ಮಕ್ಕಳ ನಿರ್ಲಕ್ಷ್ಯದ ಅಪರಾಧಕ್ಕಾಗಿ ಅವರನ್ನು ಐದು ವರ್ಷಗಳ ಪ್ರೊಬೇಷನ್ನಿಗೆ ಒಳಪಡಿಸಿತು. ಅಲ್ಲಿಯವರೆಗೆ ಆ ಚಿತ್ರಗಳನ್ನು ನೋಡಿದವರು ಲಕ್ಷಗಟ್ಟಲೆ. ಅವರಾರಿಗೂ ಶಿಕ್ಷೆಯಾಗಲಿಲ್ಲ, ಆದರೆ ಅವರ ನೋಟವಿಲ್ಲದಿದ್ದರೆ ಆ ಮಕ್ಕಳ ಅಳುವಿಗೆ ಬೆಲೆಯೇ ಇರುತ್ತಿರಲಿಲ್ಲ.

ಹಾಗೆಂದು ಬೀದಿಯಲ್ಲಿ ನಗೆಯೇ ಬೇಡವೆಂದು ಯಾವ ವಿವೇಕಿಯೂ ಹೇಳಲಾರನು. ಚಿತ್ರವನ್ನು ನೋಡುವಾಗಲೂ ಮಾಡುವಾಗಲೂ ಮೂರು ಪ್ರಶ್ನೆಗಳನ್ನು ಹಾಕಿಕೊಂಡರೆ ಸಾಕು. ನಗೆಗೀಡಾದವನು ತಿರುಗಿ ನಗಿಸಬಲ್ಲ ಸ್ಥಿತಿಯಲ್ಲಿರುವನೇ? ಅವನ ಭಯವನ್ನೋ ಅವಮಾನವನ್ನೋ ತೆಗೆದುಹಾಕಿದ ಮೇಲೆಯೂ ಅಲ್ಲಿ ನಗೆ ಉಳಿಯುವುದೇ? ಗುಂಪು ಚದುರಿ ಎದೆಬಡಿತವು ಇಳಿದ ಮೇಲೆ, ಅವನ ಭಾಷೆಯಲ್ಲಿ ಎಲ್ಲವನ್ನೂ ವಿವರಿಸಿ ಕೇಳಿ, ಬೇಡವೆಂದರೆ ಅಳಿಸಿಹಾಕುವುದಾಗಿ ಹೇಳಿ, ಅವನ ಒಪ್ಪಿಗೆಯನ್ನು ಪಡೆದಿರುವರೇ? ಈ ಮೂರಕ್ಕೂ ಹೌದೆಂಬ ಉತ್ತರ ಬಂದರೆ ಅಂತಹ ಕುಚೋದ್ಯಕ್ಕೆ ಎಲ್ಲರೂ ಮನಬಿಚ್ಚಿ ನಗಬಹುದು. ಒಂದಕ್ಕೆ ಇಲ್ಲವೆಂದರೂ ಮೊಬೈಲನ್ನು ಕೆಳಗಿಡತಕ್ಕದ್ದು; ಮತ್ತೊಬ್ಬರಿಗೆ ಕಳುಹಿಸತಕ್ಕದ್ದಲ್ಲ. ಉತ್ತರ ತಿಳಿಯದಿದ್ದರೂ ಹಾಗೆಯೇ.

ಶಾಲೆಗಳ ಉಪಾಧ್ಯಾಯರು ಈ ಮೂರು ಪ್ರಶ್ನೆಗಳನ್ನು ಮಕ್ಕಳ ಮುಂದಿಟ್ಟು ಚರ್ಚಿಸಬಹುದು. ಸಂಘಗಳ ಸಭೆಗಳಲ್ಲಿ ತರುಣರನ್ನು ಕರೆದು ಅವರ ಮಾತನ್ನೂ ಕೇಳಬಹುದು. ಚಿತ್ರ ತೆಗೆಯುವ ಹುಡುಗರಲ್ಲಿ ಚಾತುರ್ಯವಿದೆ, ಧೈರ್ಯವಿದೆ, ಜನರ ಮುಖವನ್ನು ಓದುವ ಕಣ್ಣಿದೆ. ಇಂತಹ ಗುಣಗಳಿಂದ ಒಳ್ಳೆಯ ಪ್ರಹಸನಗಳನ್ನು ಕಟ್ಟಬಹುದು. ಆದರೆ ಆ ಕೆಲಸಗಳೆಲ್ಲ ನಿಧಾನವಾದವು. ಇಂದು ರಾತ್ರಿಯೇ ಮಾಡಬಹುದಾದದ್ದು ಒಂದುಂಟು. ಊಟದ ಬಳಿಕ ಮೊಬೈಲು ಕೈಗೆ ಬಂದು, ಅಪರಾತ್ರಿಯ ಬೀದಿಯಲ್ಲಿ ಬೆದರಿ ಓಡುವ ಮನುಷ್ಯನೊಬ್ಬನು ಅದರಲ್ಲಿ ಕಂಡಾಗ, ಅವನು ಎಲ್ಲಿಂದ ಬರುತ್ತಿದ್ದನು, ಯಾರಿಗೆ ಔಷಧವನ್ನು ಒಯ್ಯುತ್ತಿದ್ದನು, ಆ ದಿನದ ಬಾಡಿಗೆ ಅವನಿಗೆ ಹುಟ್ಟಿತೋ ಇಲ್ಲವೋ ಎಂದು ಮನೆಯವರಲ್ಲಿ ಒಬ್ಬರಾದರೂ ಗಟ್ಟಿಯಾಗಿ ಕೇಳಲಿ.